ಹಾರುವ ಓತಿ ಯಾರದು?

ಪೂರ್ಣಚಂದ್ರ ತೇಜಸ್ವಿಯವರ ‘ಕರ್ವಾಲೊ’ 1980ರಲ್ಲಿ ಬಂದ ಕಾದಂಬರಿ. ನಾನು ಅದನ್ನು ಓದಿದ್ದು ಬಹಳ ತಡವಾಗಿ, ವಿಜಯನಗರದ ಗೆಳೆಯರೊಬ್ಬರ ಮನೆಯಿಂದ ತಂದ, ಹೊಲಿಗೆ ಬಿಟ್ಟುಹೋದ ಪ್ರತಿಯಲ್ಲಿ. ಮೊದಲು ಉರ್ದು ಶಾಲೆಯಲ್ಲಿ ಕಲಿತು ಆಮೇಲೆ ಕನ್ನಡಕ್ಕೆ ಬಂದವರಿಗೆ ಇಂಥ ಪುಸ್ತಕಗಳು ತಡವಾಗಿಯೇ ಸಿಗುತ್ತವೆ. ಅದರಿಂದ ನಷ್ಟವೇನೂ ಇಲ್ಲ. ತಡವಾಗಿ ಓದುವವರು ಅನುಮಾನವನ್ನೂ ಜೊತೆಗೆ ತರುತ್ತಾರೆ.

ಕರ್ವಾಲೊ ಮೂಡಿಗೆರೆಯಲ್ಲಿರುವ ದೊಡ್ಡ ವಿಜ್ಞಾನಿ. ಮಂದಣ್ಣ ಊರವರ ಕಣ್ಣಿಗೆ ಪೆದ್ದ, ಕೆಲಸಕ್ಕೆ ಬಾರದವನು. ಒಂದು ಸಣ್ಣ ನೌಕರಿ ಸಿಕ್ಕಿದರೆ ಮದುವೆಯಾಗಬಹುದೆಂಬುದು ಅವನ ಆಸೆ. ಇಂಥವನನ್ನು ಅಂಥ ವಿಜ್ಞಾನಿ ಯಾಕೆ ಹತ್ತಿರ ಇಟ್ಟುಕೊಂಡಿದ್ದಾರೆ ಎಂದು ನಿರೂಪಕನಿಗೆ ಅರ್ಥವಾಗುವುದಿಲ್ಲ. ಆಮೇಲೆ ಗುಟ್ಟು ಬಯಲಾಗುತ್ತದೆ. ಭೂಮಿಯ ಮೇಲಿಂದ ಎಂದೋ ಅಳಿದುಹೋಗಿರಬೇಕಾದ ಹಾರುವ ಓತಿಯೊಂದನ್ನು ಮಂದಣ್ಣ ಕಾಡಿನಲ್ಲಿ ಕಂಡಿದ್ದಾನೆ.

ಪದವಿಯಿಲ್ಲದವನ ಪ್ರತಿಭೆಯನ್ನು ಪದವಿಯುಳ್ಳವನು ಗುರುತಿಸಿದ ಕಥೆ ಇದು ಎಂದು ನಾವೆಲ್ಲ ಹೊಗಳುತ್ತೇವೆ. ಅದು ಸುಳ್ಳಲ್ಲ. ಆದರೆ ಎರಡನೆಯ ಸಲ ಓದುವಾಗ ನನಗೊಂದು ಮುಳ್ಳು ಚುಚ್ಚಿತು. ಮಂದಣ್ಣ ಓತಿಯನ್ನು ಕಾಣದೇ ಇದ್ದಿದ್ದರೆ ಕರ್ವಾಲೊ ಅವನ ಮೇಲೆ ಇಷ್ಟು ಪ್ರೀತಿ ಇಡುತ್ತಿದ್ದರೇ? ಒಬ್ಬರಿಂದ ನಮಗೆ ಬೇಕಾದದ್ದು ಇರುವಾಗ ಅವರಿಗೆ ತೋರುವ ಗೌರವವನ್ನು ಗೌರವ ಎನ್ನಬಹುದೇ?

ತೇಜಸ್ವಿಯವರ ಓತಿ ಅರ್ಧ ಕಲ್ಪನೆಯದು. ಆದರೆ ನಮ್ಮ ಪಶ್ಚಿಮ ಘಟ್ಟಗಳಲ್ಲಿ, ಅಲ್ಲಿನ ಅಡಿಕೆ ತೋಟಗಳಲ್ಲಿ ನಿಜವಾದ ಹಾರುವ ಓತಿ ಇದೆ. ಪಕ್ಕೆಲುಬುಗಳ ಮೇಲೆ ಹರಡಿದ ಚರ್ಮವನ್ನು ಕೊಡೆಯಂತೆ ಬಿಚ್ಚಿ ಮರದಿಂದ ಮರಕ್ಕೆ ತೇಲುತ್ತದೆ. ಗಂಡಿನ ಗಂಟಲಲ್ಲಿ ಹಳದಿ ಚೀಲ. ಅದರ ವೈಜ್ಞಾನಿಕ ಹೆಸರು ಡ್ರಾಕೊ ದುಸ್ಸುಮಿಯೆರಿ. 1837ರಲ್ಲಿ ಇಟ್ಟ ಈ ಹೆಸರು ದುಸ್ಸುಮಿಯೆ ಎಂಬ ಫ್ರೆಂಚ್ ವ್ಯಾಪಾರಿಯದು. ತೋಟದ ಆಳುಗಳು, ಕೊನೆಗಾರರು ಅದನ್ನು ತಲೆಮಾರುಗಳಿಂದ ನೋಡುತ್ತಲೇ ಬಂದಿದ್ದಾರೆ. ಅವರಲ್ಲಿ ಯಾರ ಹೆಸರೂ ಯಾವ ಗ್ರಂಥದಲ್ಲೂ ಇಲ್ಲ.

ಕಾದಂಬರಿಯ ಹೊರಗೂ ಒಬ್ಬ ಮಂದಣ್ಣ ಇದ್ದ. ಅವನ ಹೆಸರು ಅಲಿ. ಜೀವವಿಕಾಸದ ಸಿದ್ಧಾಂತವನ್ನು ಡಾರ್ವಿನ್ನನಂತೆಯೇ ಸ್ವತಂತ್ರವಾಗಿ ಕಂಡುಕೊಂಡ ಆಲ್ಫ್ರೆಡ್ ವಾಲೆಸ್ 1855ರಲ್ಲಿ ಬೋರ್ನಿಯೊ ದ್ವೀಪದ ಸರವಾಕ್‌ನಲ್ಲಿ ಈ ಮಲಯ ಹುಡುಗನನ್ನು ಕೆಲಸಕ್ಕೆ ಇಟ್ಟುಕೊಂಡ. ಅಡುಗೆಗೆಂದು ಬಂದವನು ಹಕ್ಕಿ ಹೊಡೆಯುವುದನ್ನು, ಚರ್ಮ ಬಿಡಿಸಿ ಕೆಡದಂತೆ ಇಡುವುದನ್ನು ಕಲಿತ. 1858ರಲ್ಲಿ ಬಚಾನ್ ದ್ವೀಪದಲ್ಲಿ ಅಲಿ ಒಂದು ದಿನ ಸೊಂಟಕ್ಕೆ ಹಕ್ಕಿಗಳನ್ನು ಕಟ್ಟಿಕೊಂಡು ಬಂದು, ಇದು ನೋಡಿ ಎಂದು ಒಂದನ್ನು ತೋರಿಸಿದ. ಅದು ವಿಜ್ಞಾನಕ್ಕೆ ಹೊಸದಾದ ಸ್ವರ್ಗದ ಹಕ್ಕಿ. ಲಂಡನ್ನಿನಲ್ಲಿ ಅದಕ್ಕೆ ವಾಲೆಸನ ಹೆಸರಿಟ್ಟರು. ವಾಲೆಸ್ ಕೆಟ್ಟವನಲ್ಲ. ಹಕ್ಕಿಯನ್ನು ತಂದವನು ಅಲಿ ಎಂದು ತನ್ನ ಪುಸ್ತಕದಲ್ಲಿ ಬರೆದ, 1862ರಲ್ಲಿ ಊರಿಗೆ ಹೊರಡುವ ಮೊದಲು ಅವನ ಫೋಟೊ ತೆಗೆಸಿದ, ಕೈತುಂಬ ಹಣವನ್ನೂ ಕೊಟ್ಟ. 1907ರಲ್ಲಿ ತೆರ್ನಾತೆ ದ್ವೀಪದಲ್ಲಿ ಅಮೆರಿಕದ ವಿಜ್ಞಾನಿ ಥಾಮಸ್ ಬಾರ್ಬರ್ ಎದುರು ಒಬ್ಬ ಮುದುಕ ಬಂದು, ತಾನು ಅಲಿ ವಾಲೆಸ್ ಎಂದು ಹೇಳಿಕೊಂಡನಂತೆ. ಹಕ್ಕಿಯ ಮಾತಿರಲಿ, ಅಲಿಯ ಹೆಸರಿಗೂ ಒಡೆಯನ ಹೆಸರು ಅಂಟಿಕೊಂಡಿತ್ತು.

ಇದನ್ನೆಲ್ಲ ಬರೆಯುವಾಗ ನಾನು ವಿಜ್ಞಾನಿಗಳನ್ನು ಕಟಕಟೆಗೆ ತರುತ್ತಿದ್ದೇನೆ ಎಂದು ಯಾರೂ ತಿಳಿಯಬಾರದು. ಕಥೆಗಾರರ ಕಸುಬೂ ಅದೇ. ಪಾದರಾಯನಪುರದಲ್ಲಿ ಊದುಬತ್ತಿ ಹೊಸೆಯುವ ಒಬ್ಬ ಖಾಲಾ ಹತ್ತಿರ ಎಷ್ಟೋ ಮಧ್ಯಾಹ್ನ ಕುಳಿತು ನಾನೊಂದು ಕಥೆ ಬರೆದೆ. ಮುದ್ದೆಯನ್ನು ಮುಟ್ಟಿದ ಕೂಡಲೇ ಇದ್ದಿಲ ಪುಡಿ ಹೆಚ್ಚಾಯಿತೋ ಜಿಗಟು ಹೆಚ್ಚಾಯಿತೋ ಹೇಳುತ್ತಿದ್ದರು. ಮಳೆ ಬರುವುದನ್ನು ಬೆರಳಲ್ಲೇ ತಿಳಿಯುತ್ತಿದ್ದರು. ಕಥೆಗೆ ಬಹುಮಾನ ಬಂತು. ಅವರಿಗೆ ಕನ್ನಡ ಓದಲು ಬಾರದು. ನಮ್ಮ ದಖನಿಯಲ್ಲಿ ಹೇಳಿ ಕೇಳಿಸಿದೆ. ಕೈ ನಿಲ್ಲಿಸದೆ ಪೂರ್ತಿ ಕೇಳಿದರು.

“ಒಂದು ತಪ್ಪಿದೆ ಬೇಟಾ. ಹಲಗೆಗೆ ಯಾರಾದರೂ ನೀರು ಹಚ್ಚುತ್ತಾರಾ? ಒಣ ಪುಡಿ ಉದುರಿಸೋದು. ಇಲ್ಲದಿದ್ದರೆ ಅಂಟಿಕೊಳ್ಳಲ್ವಾ?” ಎಂದರು. ಆಮೇಲೆ, “ಇದಕ್ಕೆ ದುಡ್ಡು ಕೊಡ್ತಾರಾ?”

“ಸ್ವಲ್ಪ, ಖಾಲಾ,” ಎಂದೆ. ಸ್ವಲ್ಪವಾಗಿರಲಿಲ್ಲ. ಅವರು ಒಂದು ತಿಂಗಳು ಹೊಸೆದರೂ ಅಷ್ಟು ಸಿಗುತ್ತಿರಲಿಲ್ಲ.

ಹೆಸರು ಹಾಕಿದ್ದರೆ ಖಾಲಾಗೆ ಏನು ಸಿಗುತ್ತಿತ್ತು ಎಂದು ಕೇಳಬಹುದು. ನಾನೂ ಹಾಗೆಯೇ ಸಮಾಧಾನ ಮಾಡಿಕೊಂಡಿದ್ದೆ. ಅವರಿಗೆ ಬೇಕಾಗಿತ್ತೋ ಇಲ್ಲವೋ ಎಂದು ನಾನು ಕೇಳಲೇ ಇಲ್ಲ, ಅಷ್ಟೆ. ಕರ್ವಾಲೊ ಈ ವಿಷಯದಲ್ಲಿ ನನಗಿಂತ ಮೇಲು. ಮಂದಣ್ಣ ಹುಟ್ಟಿನಿಂದಲೇ ಪ್ರಕೃತಿಯನ್ನು ಬಲ್ಲವನೆಂದು ಅವನನ್ನು ನಗುವವರ ಮುಂದೆಯೇ ಒಪ್ಪಿಕೊಳ್ಳುತ್ತಾರೆ, ಅವನ ಮದುವೆಯ ತಾಪತ್ರಯವನ್ನೂ ಹಚ್ಚಿಕೊಳ್ಳುತ್ತಾರೆ. ಬಳಸಿಕೊಳ್ಳುವುದು, ಪ್ರೀತಿಸುವುದು ಎರಡೂ ಒಂದೇ ಎದೆಯಲ್ಲಿ ಇರಬಹುದೆಂದು ತೋರುತ್ತದೆ. ಯಾವುದು ಎಷ್ಟು ಎಂದು ಅಳೆಯುವ ಸಂದರ್ಭವನ್ನು ತೇಜಸ್ವಿ ತಪ್ಪಿಸಿಬಿಟ್ಟರು. ಕೊನೆಯಲ್ಲಿ ಓತಿ ಎಲ್ಲರ ಕಣ್ಣೆದುರೇ ಕಣಿವೆಯತ್ತ ತೇಲಿಹೋಗುತ್ತದೆ. ವಿಜ್ಞಾನಿಯೂ ಬರಿಗೈ, ಮಂದಣ್ಣನೂ ಬರಿಗೈ. ಸಿಕ್ಕಿದ್ದರೆ ಅದಕ್ಕೆ ಯಾರ ಹೆಸರು ಇಡುತ್ತಿದ್ದರು?

ನನ್ನ ಓತಿ ಸಿಕ್ಕಿಬಿಟ್ಟಿತ್ತು. ಕಥೆ ಸಂಕಲನದಲ್ಲಿ ಸೇರುವಾಗ ನೀರು ತೆಗೆದು ಒಣ ಪುಡಿ ಎಂದು ತಿದ್ದಿದೆ. ಪುಸ್ತಕದ ಮೊದಲ ಪುಟಗಳಲ್ಲಿ, ಇಲ್ಲಿನ ಪಾತ್ರಗಳೆಲ್ಲ ಕಾಲ್ಪನಿಕ ಎಂದು ಅಚ್ಚಾಗಿತ್ತು.