ಉಪ್ಪಿನ ಶಾಸ್ತ್ರ

ನಮ್ಮ ಮನೆಗಳಲ್ಲಿ ಉಪ್ಪಿಗಿರುವಷ್ಟು ಶಾಸ್ತ್ರ ಅಡುಗೆಮನೆಯ ಬೇರೆ ಯಾವ ಸಾಮಾನಿಗೂ ಇಲ್ಲ. ಕೈಯಿಂದ ಕೈಗೆ ಕೊಡಬಾರದು, ದೀಪ ಹಚ್ಚಿದ ಮೇಲೆ ಸಾಲ ಕೊಡಬಾರದು, ಚೆಲ್ಲಿದರೆ ತುಳಿಯಬಾರದು. ಹಿಂದೆ ದಿನಸಿ ಅಂಗಡಿಯವರು ರಾತ್ರಿ ಬಾಗಿಲಿಗೆ ಬೀಗ ಜಡಿದು ಹೋದರೂ ಉಪ್ಪಿನ ಮೂಟೆ ಮಾತ್ರ ಹೊರಗೆ ಜಗುಲಿಯ ಮೇಲೇ ಇರುತ್ತಿತ್ತು. ಕಳ್ಳನಿಗೂ ಅದನ್ನು ಮುಟ್ಟಲು ಮನಸ್ಸು ಬರುತ್ತಿರಲಿಲ್ಲ. ಇಷ್ಟೆಲ್ಲ ಮರ್ಯಾದೆ ಉಪ್ಪಿಗೆ. ಅದನ್ನು ಬೆಳೆದವರಿಗೆ ಈ ಶಾಸ್ತ್ರದಲ್ಲಿ ಎಲ್ಲೂ ಜಾಗವಿಲ್ಲವಲ್ಲ ಎಂಬುದು ನನಗೆ ಹೊಳೆದದ್ದು ಮಾತ್ರ ತಡವಾಗಿ, ಒಂದು ಸಾಕ್ಷ್ಯಚಿತ್ರ ನೋಡಿದ ಮೇಲೆ.

ಫರೀದಾ ಪಾಚಾ 2013ರಲ್ಲಿ ತೆರೆಗೆ ತಂದ ‘ಮೈ ನೇಮ್ ಈಸ್ ಸಾಲ್ಟ್’ ಆ ಚಿತ್ರ. ಗುಜರಾತಿನ ಕಚ್ಛದ ಚಿಕ್ಕ ರಣ ಮಳೆಗಾಲದಲ್ಲಿ ಸಮುದ್ರವಾಗುತ್ತದೆ, ನೀರಿಳಿದರೆ ಬಿರುಕು ಬಿಟ್ಟ ಬಯಲು. ಮರವಿಲ್ಲ, ನೆರಳಿಲ್ಲ. ಅಲ್ಲಿಗೆ ಪ್ರತಿವರ್ಷ ಉಪ್ಪು ಬೆಳೆಯುವ ಸಾವಿರಾರು ಅಗರಿಯಾ ಕುಟುಂಬಗಳು ಮಕ್ಕಳುಮರಿ, ಪಾತ್ರೆಪಡಗ ಕಟ್ಟಿಕೊಂಡು ಎಂಟು ತಿಂಗಳ ಮಟ್ಟಿಗೆ ಹೋಗುತ್ತವೆ. ಹೋದವರು ಮೊದಲು ನೆಲ ಅಗೆಯುತ್ತಾರೆ. ನೋಡುವ ನಮಗೆ ನಿಧಿಯೇನೋ ಅನ್ನಿಸಬೇಕು. ಮೇಲೆ ಬರುವುದು ಕಳೆದ ವರ್ಷ ಅವರೇ ಹೂತಿಟ್ಟು ಹೋಗಿದ್ದ ಪಂಪ್‌ಸೆಟ್ಟು. ಅದರಿಂದ ನೆಲದಡಿಯ ಉಪ್ಪುನೀರನ್ನು ಎತ್ತಿ ಮಡಿಗಳಿಗೆ ಹಾಯಿಸಬೇಕು. ಅದಕ್ಕೆ ಮುಂಚೆ ಮಡಿಯ ಕೆಸರನ್ನು ಬರಿಗಾಲಲ್ಲಿ ತುಳಿದು ತುಳಿದು ಗಟ್ಟಿ ಮಾಡಬೇಕು. ಹರಳು ಕಟ್ಟತೊಡಗಿದ ಮೇಲೂ ಬಿಡುವಿಲ್ಲ, ಹಲ್ಲಿರುವ ಮರದ ಹಲಗೆಯಿಂದ ಎಳೆಯುತ್ತಲೇ ಇರಬೇಕು. 92 ನಿಮಿಷದ ಚಿತ್ರದಲ್ಲಿ ಹಿನ್ನೆಲೆಯಿಂದ ವಿವರಿಸುವ ದನಿಯೇ ಇಲ್ಲ. ‘ಅಯ್ಯೋ ಪಾಪ’ ಎನ್ನಲು ಹೊರಟ ನಮ್ಮ ನಾಲಿಗೆ ಅರ್ಧದಲ್ಲೇ ನಿಲ್ಲುತ್ತದೆ. ಏಕೆಂದರೆ ಅವರ ಚಿಂತೆಯೇ ಬೇರೆ: ಹರಳು ದಪ್ಪಗೆ ಬಂತೆ, ಬಿಳುಪು ಸಾಲದೆ? ಮೈಸೂರುಪಾಕಿಗೆ ಕೂತವರು ಬೆರಳ ನಡುವೆ ಪಾಕದ ಎಳೆ ನೋಡುವ ಏಕಾಗ್ರತೆ ಅದು. ದುಃಖವನ್ನು ಚಿತ್ರಿಸುವವರು ಬೇಕಾದಷ್ಟಿದ್ದಾರೆ. ಕಷ್ಟದ ನಡುವಿನ ಕೌಶಲವನ್ನು ಕಾಣಲು ಕ್ಯಾಮೆರಾ ಹಿಡಿದವರೂ ಒಂದು ಋತುಮಾನವಿಡೀ ಬಿಸಿಲಲ್ಲಿ ನಿಲ್ಲಬೇಕಾಗುತ್ತದೆ.

ಇಂಥ ಚಿತ್ರದಿಂದ ಆ ಜನಕ್ಕೇನು ಬಂತು ಎಂದು ನೀವು ಕೇಳಬಹುದು, ಕೇಳಲೇಬೇಕು. ರಾಹುಲ್ ಜೈನ್ ಗುಜರಾತಿನದೇ ಒಂದು ಜವಳಿ ಕಾರ್ಖಾನೆಯಲ್ಲಿ ತೆಗೆದ ‘ಮಷೀನ್ಸ್’ ಚಿತ್ರದಲ್ಲಿ ಕಾರ್ಮಿಕರೇ ಸುತ್ತ ನೆರೆದು ಆ ಪ್ರಶ್ನೆ ಹಾಕುತ್ತಾರೆ: ನಾಯಕರೂ ಹೀಗೇ ಬಂದು ವಿಚಾರಿಸಿ ಹೋಗುತ್ತಾರೆ, ನೀವೇನು ಮಾಡುತ್ತೀರಿ? ನಿರ್ದೇಶಕ ಆ ದೃಶ್ಯವನ್ನು ಕತ್ತರಿಸದೆ ಉಳಿಸಿಕೊಂಡರು. ಒಳ್ಳೆಯದೇ, ಆದರೆ ಉತ್ತರದ ಹೊಣೆ ಸಿನಿಮಾದವರೊಬ್ಬರದೇ ಅಲ್ಲವಲ್ಲ. ರಣದ ಉಪ್ಪಿನವರ ದುಡಿಮೆಯ ದೊಡ್ಡ ಪಾಲನ್ನು ಪಂಪಿನ ಡೀಸೆಲ್ಲೇ ತಿನ್ನುತ್ತಿತ್ತು. ಈಚಿನ ವರ್ಷಗಳಲ್ಲಿ ‘ಸೇವಾ’ ಮಹಿಳಾ ಸಂಘಟನೆಯ ಪ್ರಯತ್ನದಿಂದ, ಸರ್ಕಾರದ ಸಹಾಯಧನದಿಂದ ಎಷ್ಟೋ ಕುಟುಂಬಗಳಿಗೆ ಸೌರ ಪಂಪು ಬಂದಿದೆ. ಮರುಕ ಮಾಡಲಾಗದ ಕೆಲಸವನ್ನು ನಾಲ್ಕು ಸೌರಫಲಕ ಮಾಡಿವೆ.

ರಣ ನಮಗೆ ದೂರ. ಆದರೆ ಗೋಕರ್ಣಕ್ಕೆ ಹೋಗುವವರು ನಮ್ಮಲ್ಲಿ ಬೇಕಾದಷ್ಟು ಜನ. ಅದರ ಹತ್ತಿರದಲ್ಲೇ ಸಾಣಿಕಟ್ಟಾ ಇದೆ, ಅಘನಾಶಿನಿಯ ಅಳಿವೆಯ ಉಪ್ಪುನೀರಿನಿಂದ ಉಪ್ಪು ಮಾಡುವ ಹಳೆಯ ಆಗರಗಳಿವೆ. ಅಗರಿಯಾ ಎಂಬ ಹೆಸರಿನಲ್ಲಿರುವುದೂ, ನಮ್ಮ ಉತ್ತರ ಕನ್ನಡದ ಆಗೇರ ಸಮುದಾಯದ ಹೆಸರಿನಲ್ಲಿರುವುದೂ ಇದೇ ಆಗರ. ಈ ಬೇಸಿಗೆಯಲ್ಲಿ ಮಾವಿನಮಿಡಿಗೆ ಕಲ್ಲುಪ್ಪು ಬೇಕಾದಾಗ ಆ ಕಡೆ ಹೋಗಿದ್ದರೆ ಒಂದು ಗಳಿಗೆ ಗಾಡಿ ನಿಲ್ಲಿಸಿ. ಉಪ್ಪನ್ನು ಕೈಯಿಂದ ಕೈಗೆ ಕೊಡಬಾರದು ಸರಿ, ದುಡ್ಡನ್ನು ಚೌಕಾಸಿಯಿಲ್ಲದೆ ಕೈಗೇ ಕೊಡಬಹುದು. ಫೋಟೊ ತೆಗೆಯುವ ಮೊದಲು, ಈ ಸಲ ಹರಳು ಹೇಗೆ ಬಂದಿದೆ ಎಂದು ಉಪ್ಪು ಮಾಡಿದವರನ್ನೇ ಕೇಳಿ.