ಬಂದು ಹೋಗುವ ದೀಪ

ದೇವರ ಮುಂದಿನ ದೀಪ ಆರಿದರೆ ನಮಗೆ ಕಸಿವಿಸಿ. ಕಾರಿನ ಡ್ಯಾಶ್‌ಬೋರ್ಡಿನ ದೀಪ ಆರಿದರೆ ಎಲ್ಲಿಲ್ಲದ ನೆಮ್ಮದಿ! ಈ ಎರಡನೆಯ ನೆಮ್ಮದಿ ಎಷ್ಟರ ಮಟ್ಟಿಗೆ ನ್ಯಾಯವಾದದ್ದು ಎಂದು ಸ್ವಲ್ಪ ಯೋಚಿಸಬೇಕಾಗಿದೆ.

ಬ್ರಿಟನ್ನಿನಲ್ಲಿ ಹಳೆಯ ಕಾರು ಇಟ್ಟುಕೊಂಡವರಲ್ಲಿ ಅನೇಕರಿಗೆ ಎಬಿಎಸ್ ಎಂಬ ಹಳದಿ ದೀಪದ ಪರಿಚಯ ಉಂಟು. ಮಳೆ ಬಿದ್ದ ದಿನ ಹೊತ್ತಿಕೊಳ್ಳುತ್ತದೆ, ರಸ್ತೆ ಒಣಗಿದರೆ ಕಾಣೆಯಾಗುತ್ತದೆ. ಗ್ಯಾರೇಜಿಗೆ ಒಯ್ದ ದಿನವಂತೂ ಏನೂ ಆಗಿಲ್ಲವೆಂಬಂತೆ ಸುಮ್ಮನಿರುತ್ತದೆ. ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸು ಎಂದುಕೊಂಡು ನಾವು ಮನೆಗೆ ಹಿಂದಿರುಗುತ್ತೇವೆ.

ಈ ದೀಪದ ಹಿಂದಿರುವ ಏರ್ಪಾಡು ಸರಳವಾದದ್ದೇ. ಪ್ರತಿ ಚಕ್ರದ ಬಳಿ ಒಂದು ಸೆನ್ಸರ್, ಚಕ್ರದೊಂದಿಗೆ ತಿರುಗುವ ಒಂದು ಹಲ್ಲಿನ ಬಳೆ ಅಥವಾ ಅಯಸ್ಕಾಂತದ ಬಳೆ. ಚಕ್ರ ಎಷ್ಟು ವೇಗವಾಗಿ ತಿರುಗುತ್ತಿದೆ ಎಂದು ಸೆನ್ಸರ್ ತಿಳಿಸುತ್ತದೆ. ಜೋರಾಗಿ ಬ್ರೇಕ್ ಒತ್ತಿದಾಗ ಯಾವುದಾದರೂ ಚಕ್ರ ಕಚ್ಚಿ ನಿಂತು ಜಾರುವಂತಾದರೆ, ಆ ಚಕ್ರದ ಬ್ರೇಕನ್ನು ಸೆಕೆಂಡಿಗೆ ಹಲವು ಬಾರಿ ಸಡಿಲಿಸಿ ಮತ್ತೆ ಬಿಗಿಯುತ್ತದೆ ಎಬಿಎಸ್. ಇದರಿಂದ ಸ್ಟಿಯರಿಂಗ್ ನಮ್ಮ ಹಿಡಿತದಲ್ಲಿ ಉಳಿಯುತ್ತದೆ. 1978ರಲ್ಲಿ ಬಾಷ್ ಕಂಪನಿಯ ಎಲೆಕ್ಟ್ರಾನಿಕ್ ಎಬಿಎಸ್ ಮರ್ಸಿಡಿಸ್‌ನ ಎಸ್-ಕ್ಲಾಸ್ ಕಾರಿನಲ್ಲಿ ಬಂದಾಗ ಅದು ಸಿರಿವಂತರ ಸೊತ್ತು. ಈಗ ಎಲ್ಲರ ಕಾರಿನಲ್ಲೂ ಇದೆ.

ಇಲ್ಲಿ ಚಳಿಗಾಲದಲ್ಲಿ ರಸ್ತೆಗೆ ಉಪ್ಪು ಹಾಕುತ್ತಾರೆ. ಅದರಿಂದ ಬಳೆಗೆ ತುಕ್ಕು ಹಿಡಿಯುತ್ತದೆ, ಕನೆಕ್ಟರಿನೊಳಗೆ ನೀರು ಸೇರುತ್ತದೆ. ಚಕ್ರದೊಡನೆ ಅಲುಗಾಡುವ ವೈರು ಒಳಗೊಳಗೇ ತುಂಡಾಗಿ, ಒಮ್ಮೆ ತಾಗಿ ಒಮ್ಮೆ ಬಿಡುತ್ತದೆ. ದೀಪ ಬಂದು ಹೋಗುವುದು ಹೀಗೆ. ಸಂಕೇತದ ಮೇಲೆ ನಂಬಿಕೆ ಹೋದ ಕೂಡಲೇ ಎಬಿಎಸ್ ತಾನಾಗಿ ಹಿಂದೆ ಸರಿದು, ದೀಪ ಹೊತ್ತಿಸಿ, "ಸಾಧಾರಣ ಬ್ರೇಕ್ ಇದೆ, ಆದರೆ ನನ್ನನ್ನು ನೆಚ್ಚಬೇಡಿ" ಎಂದು ತಿಳಿಸುತ್ತದೆ. ತನ್ನ ಮಾತಿನ ಮೇಲೆ ತನಗೇ ಸಂಶಯ ಬಂದಾಗ ಅದನ್ನು ಒಪ್ಪಿಕೊಂಡು ಪಕ್ಕಕ್ಕೆ ನಿಲ್ಲುವ ಗುಣ ಮನುಷ್ಯರಲ್ಲಿ ಎಷ್ಟು ಜನಕ್ಕಿದೆ ಹೇಳಿ! ದೀಪ ಆರಿದ ಮೇಲೂ ಆ ದೋಷದ ಸಂಖ್ಯೆ ಸಾಮಾನ್ಯವಾಗಿ ಅದರ ನೆನಪಿನಲ್ಲಿ ಉಳಿದಿರುತ್ತದೆ. ಅಗ್ಗದ ಒಂದು ಉಪಕರಣ ಸಿಕ್ಕಿಸಿ ಆ ನೆನಪನ್ನು ಅಳಿಸಲೂಬಹುದು. ಧರ್ಮದ ಪ್ರಶ್ನೆ ಹುಟ್ಟುವುದು ಇಲ್ಲಿಯೇ.

ಮೂರು ವರ್ಷ ದಾಟಿದ ಕಾರಿಗೆ ಇಲ್ಲಿ ಪ್ರತಿ ವರ್ಷ ಎಂಓಟಿ ಪರೀಕ್ಷೆ. ಎಬಿಎಸ್ ದೀಪ ದೋಷ ತೋರಿಸುತ್ತಿದ್ದರೆ ಕಾರು ಫೇಲ್. ಆದರೆ ಪರೀಕ್ಷೆಯ ದಿನ ದೀಪ ಆರಿದ್ದರೆ? ಪಾಸ್. ಪರೀಕ್ಷಕನ ತಪ್ಪೇನೂ ಇಲ್ಲ. ಅವನು ಆ ಹೊತ್ತಿನಲ್ಲಿ ಕಂಡದ್ದನ್ನು ಬರೆದ. ಅವನು ನೋಡಿದ್ದು ಒಂದು ಗಂಟೆಯ ಕಾರನ್ನು, ಯಜಮಾನ ಬಲ್ಲದ್ದು ಇಡೀ ವರ್ಷದ ಕಾರನ್ನು.

ಈಗ ಆ ಕಾರನ್ನು ಮಾರಬೇಕಾಗಿದೆ ಎಂದುಕೊಳ್ಳಿ. ಊರಿನಿಂದ ಓದಲು ಬಂದು ಎರಡು ತಿಂಗಳಾದ ಹುಡುಗನೊಬ್ಬ ಕೊಳ್ಳಲು ಬರುತ್ತಾನೆ. "ನಮ್ಮವರು ಅಂಕಲ್, ಮೋಸ ಇರಲ್ಲ" ಎಂದು ಗೆಳೆಯನಿಗೆ ಹೇಳಿಯೇ ಬಂದಿರುತ್ತಾನೆ. ಎಂಓಟಿ ಕಾಗದ ತೋರಿಸಿ "ಪಾಸ್ ಆಗಿದೆ ನೋಡಪ್ಪ" ಎಂದರೆ ಸುಳ್ಳಾಡಿದಂತೆ ಆಯಿತೇ? ಖಾಸಗಿಯಾಗಿ ಮಾರುವವನು ತಪ್ಪು ವರ್ಣನೆ ಕೊಡಬಾರದು, ರಸ್ತೆಗೆ ಯೋಗ್ಯವಲ್ಲದ ಗಾಡಿ ಮಾರಬಾರದು ಎನ್ನುತ್ತದೆ ಇಲ್ಲಿನ ಕಾನೂನು. ಉಳಿದಂತೆ ನೋಡಿ, ಕೇಳಿ, ಪರೀಕ್ಷಿಸಿ ಕೊಳ್ಳುವ ಹೊಣೆ ಬಹುಮಟ್ಟಿಗೆ ಕೊಳ್ಳುವವನದೇ.

ಇಲ್ಲಿ ಧರ್ಮರಾಯ ನೆನಪಾಗುತ್ತಾನೆ. ಅಶ್ವತ್ಥಾಮ ಸತ್ತನೆಂದು ದ್ರೋಣರಿಗೆ ಕೇಳುವಂತೆ ಹೇಳಿ, ಸತ್ತದ್ದು ಆನೆ ಎಂಬುದನ್ನು ಮೆಲ್ಲಗೆ ಹೇಳಿದವನು ಅವನು. ಪದಗಳನ್ನು ಒಂದೊಂದಾಗಿ ಹಿಡಿದು ನೋಡಿದರೆ ಸುಳ್ಳಿಲ್ಲ. ಆದರೂ ನೆಲದಿಂದ ನಾಲ್ಕು ಅಂಗುಲ ಮೇಲೆ ನಿಲ್ಲುತ್ತಿದ್ದ ಅವನ ರಥ ಅಂದು ನೆಲ ಮುಟ್ಟಿತು. ಕೇಳುವವನ ಮನಸ್ಸಿನಲ್ಲಿ ಏನು ಮೂಡಲಿ ಎಂದು ನಾವು ಬಯಸುತ್ತೇವೋ ಅದರಲ್ಲಿ ಸತ್ಯ ಅಸತ್ಯ ಇರುವುದೇ ಹೊರತು ಬರಿಯ ಪದಗಳಲ್ಲಲ್ಲ. "ಪಾಸ್ ಆಗಿದೆ" ಎಂದು ಗಟ್ಟಿಯಾಗಿ ಹೇಳಿ ದೀಪದ ಸಂಗತಿಯನ್ನು ನುಂಗಿಕೊಂಡರೆ ಅದೂ ಅದೇ ಜಾತಿಯ ಮಾತು.

ಇದಕ್ಕೆ ಎದುರು ವಾದಗಳಿಲ್ಲದೆ ಇಲ್ಲ. "ಬ್ರೇಕ್ ಹಿಡಿಯುತ್ತದಲ್ಲ, ಸೆನ್ಸರ್ ತಾನೇ ಹೋಗಿರುವುದು?" ಎನ್ನಬಹುದು. ನಿಜ, ಹಳದಿ ದೀಪ ಕೆಂಪು ದೀಪದಷ್ಟು ಭಯಂಕರವಲ್ಲ. ಒಣ ರಸ್ತೆಯಲ್ಲಿ ನಿಧಾನವಾಗಿ ಹೋಗುವವನಿಗೆ ವರ್ಷಗಟ್ಟಲೆ ಎಬಿಎಸ್ ಬೇಕಾಗದೆಯೂ ಇರಬಹುದು. ಆದರೆ ಅದು ಬೇಕಾಗುವ ಆ ಒಂದು ಕ್ಷಣ ಹೆಚ್ಚಾಗಿ ಒದ್ದೆ ರಸ್ತೆಯಲ್ಲಿ, ಹಿಮದಲ್ಲಿ ಬರುತ್ತದೆ. ಸೆನ್ಸರ್ ಕೈಕೊಡುವುದೂ ಅಂಥ ದಿನಗಳಲ್ಲೇ. "ಎಲ್ಲ ಹೇಳಿದರೆ ಯಾರು ಕೊಳ್ಳುತ್ತಾರೆ?" ಎಂಬುದು ಇನ್ನೊಂದು ವಾದ. ಹೇಳಿದರೆ ಬೆಲೆ ಸ್ವಲ್ಪ ಇಳಿಯಬಹುದು, ನಿಜ. ಹೇಳದಿದ್ದರೂ ಆ ಹಣ ಎಲ್ಲಿಂದಲೋ ಉದುರಿ ಬಂದದ್ದಲ್ಲ. ಅದನ್ನು ತೆರುವವನು ಆ ಹುಡುಗ, ಅದೂ ತನಗೆ ತಿಳಿಯದಂತೆ.

ಅತಿಯಾಗಿ ಅಂಜಬೇಕೆಂದೂ ಅಲ್ಲ. ಪ್ರತಿ ದೀಪಕ್ಕೂ ಬೆಚ್ಚಿ ಬೀಳುವುದು ಧರ್ಮವಲ್ಲ. ದೀಪ ಬಂದ ದಿನ, ಮಳೆಯಿತ್ತೇ, ಎಷ್ಟು ವೇಗದಲ್ಲಿದ್ದೆವು ಎಂಬುದನ್ನು ಒಂದು ಚೀಟಿಯಲ್ಲಿ ಬರೆದಿಟ್ಟರೆ ಮೆಕ್ಯಾನಿಕ್‌ಗೆ ಅದೇ ದೊಡ್ಡ ಸಹಾಯ. ನೆನಪನ್ನು ಅಳಿಸುವ ಮೊದಲು ಅದು ಯಾವ ಚಕ್ರದ ಹೆಸರು ಹೇಳುತ್ತಿದೆ ಎಂದು ಓದಿಸಿ. ಅನೇಕ ವೇಳೆ ಕನೆಕ್ಟರ್ ಶುಚಿ ಮಾಡುವುದರಲ್ಲಿ, ಒಂದು ಸೆನ್ಸರ್ ಬದಲಿಸುವುದರಲ್ಲಿ ಕೆಲಸ ಮುಗಿಯುತ್ತದೆ. ದುರಸ್ತಿ ಆಗದಿದ್ದರೆ ಮಾರುವಾಗ, ಎರವಲು ಕೊಡುವಾಗ ಒಂದು ವಾಕ್ಯ ಹೇಳಿ: "ಮಳೆಯಲ್ಲಿ ಎಬಿಎಸ್ ದೀಪ ಬಂದು ಹೋಗುತ್ತದೆ, ಎಚ್ಚರ."

ದೀಪ ಆರಿತೆಂದು ನಮಗೆ ತಿಳಿದಿರುವುದು ಆರುವುದಿಲ್ಲ. ಹಬ್ಬದ ಊಟಕ್ಕೆ ಆ ಹುಡುಗ ದೇವಸ್ಥಾನಕ್ಕೆ ಅದೇ ಕಾರಿನಲ್ಲಿ ಬರುತ್ತಾನೆ. ಆಗ ಅವನ ಮುಖ ನೋಡಿ "ಹೇಗಿದೆಯಪ್ಪ ಕಾರು?" ಎಂದು ಅಳುಕಿಲ್ಲದೆ ಕೇಳುವಂತಿರಬೇಕು.