ಊರಿನ ಬಗ್ಗೆ ಯಾರ ಮಾತು ನಡೆಯಬೇಕು?

(ಮಾತಿಗೆ ಕೂತವರು ಮೂವರು. ಅಪ್ಪ, ಮೈಸೂರಿನಲ್ಲಿ ನಗರ ಯೋಜನೆಯ ಕಚೇರಿಯಲ್ಲಿ ದುಡಿದು ನಿವೃತ್ತರಾದವರು, ಮಗಳ ಮನೆಗೆ ಬಂದಿದ್ದಾರೆ. ಮಗಳು ಬಾಸ್ಟನ್ನಿನಲ್ಲಿ ವಸತಿ ಯೋಜನೆಗಳ ಕೆಲಸ ಮಾಡುವವಳು. ಅಳಿಯ ಸಾಫ್ಟ್‌ವೇರ್ ಎಂಜಿನಿಯರ್. ಮನೆ ಇರುವುದು ಬಾಸ್ಟನ್ ಹೊರವಲಯದ ಒಂದು ಸಣ್ಣ ಊರಿನಲ್ಲಿ. ರಾತ್ರಿ ಊಟ ಮುಗಿದಿದೆ.)

ಅಳಿಯ: ಮಾವ, ನೀವೇ ನ್ಯಾಯ ಹೇಳಿ. 2021ರಲ್ಲಿ ಮಸಾಚುಸೆಟ್ಸ್ ರಾಜ್ಯ ಒಂದು ಕಾನೂನು ತಂತು. ಬಾಸ್ಟನ್ ಸುತ್ತಲಿನ ರೈಲು, ಬಸ್ಸುಗಳ ಜಾಲಕ್ಕೆ ಸೇರಿದ 177 ಊರುಗಳು ತಲಾ ಒಂದು ಜಾಗದಲ್ಲಾದರೂ ಎಕರೆಗೆ 15 ಮನೆಯ ಲೆಕ್ಕದಲ್ಲಿ ಅಪಾರ್ಟ್‌ಮೆಂಟ್ ಕಟ್ಟೋಕೆ ಬಿಡಬೇಕು, ವಿಶೇಷ ಪರವಾನಗಿ ಗಿರವಾನಗಿ ಅಂತ ತಡೀಬಾರದು. ಮಿಲ್ಟನ್ ಊರಿನವರು 2024ರ ಫೆಬ್ರವರಿಯಲ್ಲಿ ಮತ ಹಾಕಿ ಇದು ಬೇಡ ಅಂದರು. ಮರುವರ್ಷ ಜನವರಿಯಲ್ಲಿ ರಾಜ್ಯದ ಸರ್ವೋಚ್ಚ ನ್ಯಾಯಾಲಯ, ಬೇಡ ಅನ್ನೋ ಹಕ್ಕು ನಿಮಗಿಲ್ಲ ಅಂದುಬಿಡ್ತು. ಇದ್ಯಾವ ಪ್ರಜಾಪ್ರಭುತ್ವ? ನಮ್ಮೂರಲ್ಲಿ ಏನು ಕಟ್ಟಬೇಕು ಅಂತ ನಾವು ಹೇಳೋ ಹಾಗಿಲ್ಲವೆ?

ಮಗಳು: ಬೇಡ ಅನ್ನೋ ಅಧಿಕಾರವನ್ನ ಊರಿಗೆ ಕೊಟ್ಟಿದ್ದೇ ರಾಜ್ಯ. 1926ರಲ್ಲಿ ಓಹಾಯೋದ ಯೂಕ್ಲಿಡ್ ಅನ್ನೋ ಊರಿನ ಮೊಕದ್ದಮೆಯಲ್ಲಿ ಯಾವ ಜಾಗದಲ್ಲಿ ಏನು ಕಟ್ಟಬಹುದು ಅಂತ ಊರು ಗೆರೆ ಹಾಕೋ ಜೋನಿಂಗನ್ನ ಅಮೆರಿಕದ ಸುಪ್ರೀಂ ಕೋರ್ಟು ಎತ್ತಿಹಿಡೀತು. ಆ ತೀರ್ಪಿನಲ್ಲಿ ಅಪಾರ್ಟ್‌ಮೆಂಟನ್ನ ಪರೋಪಜೀವಿ ಅಂತಲೇ ಕರೆದಿದ್ದಾರೆ. ಬಿಡಿ ಮನೆಗಳ ಬೀದಿಯ ಗಾಳಿ ಬೆಳಕನ್ನ ಹೀರೋದಕ್ಕೆ ಬಂದದ್ದಂತೆ! ಅದಕ್ಕೂ ಒಂಬತ್ತು ವರ್ಷ ಮುಂಚೆ, 1917ರಲ್ಲಿ, ಕರಿಯರು ಈ ಬೀದಿ, ಬಿಳಿಯರು ಆ ಬೀದಿ ಅನ್ನೋ ಜೋನಿಂಗನ್ನ ಅದೇ ಕೋರ್ಟು ರದ್ದು ಮಾಡಿತ್ತು. ಬಣ್ಣದ ಹೆಸರಲ್ಲಿ ಆಗದೇ ಇದ್ದದ್ದು ಸೈಟಿನ ಅಳತೆಯ ಹೆಸರಲ್ಲಿ ಆಯ್ತು. ಎಕರೆಗೆ ಒಂದೇ ಮನೆ ಅಂತ ಬರೆದುಬಿಟ್ಟರೆ ಸಾಕು, ಯಾರು ಬರಬಾರದೋ ಅವರು ಬರೋದಿಲ್ಲ.

ಅಳಿಯ: ಕಾನೂನಿನ ಚರಿತ್ರೆ ಒಂದು, ನ್ಯಾಯ ಇನ್ನೊಂದು. ಅಧಿಕಾರ ಎಲ್ಲಿಂದ ಬಂತು ಅನ್ನೋದು ನನ್ನ ಪ್ರಶ್ನೆಯಲ್ಲ, ಯಾರಿಗೆ ಸಲ್ಲಬೇಕು ಅನ್ನೋದು. ಇಲ್ಲಿ ತೆರಿಗೆ ಕಟ್ಟೋನು ನಾನು. ಇಲ್ಲಿನ ಶಾಲೆಗೆ ಹೋಗೋದು ನನ್ನ ಮಕ್ಕಳು.

ಅಪ್ಪ: ನನ್ನ ಕೇಳಿದರೆ ಅದು ಬಲ್ಲವರಿಗೆ ಸಲ್ಲಬೇಕು. ನೀರು ಎಲ್ಲಿಂದ ತರಬೇಕು, ಒಳಚರಂಡಿ ಎತ್ತ ಇಳಿಜಾರು, ಇಪ್ಪತ್ತು ವರ್ಷಕ್ಕೆ ಜನ ಎಷ್ಟಾಗ್ತಾರೆ, ಇದನ್ನೆಲ್ಲ ಒಟ್ಟಿಗೆ ನೋಡಬಲ್ಲವನು ನಕ್ಷೆ ಹಾಕಬೇಕು. ನಾವೂ ನೋಟಿಸು ಹೊರಡಿಸಿ ಆಕ್ಷೇಪಣೆ ಕರೀತಿದ್ದೆವು. ಬರ್ತಿದ್ದವರೆಲ್ಲ ಜಮೀನು ಇದ್ದವರು. ಸೈಟಿಲ್ಲದವನು ಬಂದು, ಸ್ವಾಮಿ, ಈ ಲೇಔಟು ಆಗಲಿ ಅಂದದ್ದನ್ನ ನಾನು ಕಾಣೆ.

ಮಗಳು: ಇಲ್ಲೂ ಅದೇ ಕಥೆ. ಬಾಸ್ಟನ್ ವಿಶ್ವವಿದ್ಯಾಲಯದ ಮೂವರು ರಾಜ್ಯಶಾಸ್ತ್ರಜ್ಞರು ಈ ರಾಜ್ಯದ ಊರುಗಳ ಯೋಜನಾ ಸಭೆಗಳ ನಡಾವಳಿ ತೆಗೆದು ಓದಿ, 2019ರಲ್ಲಿ ಪುಸ್ತಕ ಬರೆದರು. ಎದ್ದು ಮಾತಾಡಿದವರಲ್ಲಿ ಹೆಚ್ಚಿನವರು ವಯಸ್ಸಾದವರು, ಗಂಡಸರು, ಸ್ವಂತ ಮನೆಯವರು. ಹೊಸ ಮನೆಗಳ ಪರ ಮಾತಾಡಿದವರು ನೂರಕ್ಕೆ ಹದಿನೈದರಷ್ಟು.

ಅಳಿಯ: ಮಾವ, ಬಲ್ಲವರ ಕೈಗೆ ಕೊಟ್ಟರೆ ಏನಾಗುತ್ತೆ ಅಂತ ನೋಡಬೇಕಾದರೆ ದೂರ ಹೋಗಬೇಕಿಲ್ಲ. ಬಾಸ್ಟನ್ನಿನ ನಡುವೆಯೇ ವೆಸ್ಟ್ ಎಂಡ್ ಅಂತ ಒಂದು ಪೇಟೆ ಇತ್ತು. ಇಟಲಿಯವರು, ಯಹೂದಿಗಳು, ಇನ್ನೂ ಎಷ್ಟೋ ಜನ ವಲಸಿಗರು ಇದ್ದ ಜಾಗ. ತಜ್ಞರು ಅದನ್ನ ಕೊಳೆಗೇರಿ ಅಂತ ಘೋಷಿಸಿದರು. 1949ರ ವಸತಿ ಕಾಯ್ದೆಯಿಂದ ಕೇಂದ್ರದ ದುಡ್ಡು ಸಿಗ್ತಾ ಇತ್ತು. 1958ರಿಂದ ಕೆಡವೋಕೆ ಶುರುಮಾಡಿ ಎರಡು ಮೂರು ವರ್ಷದಲ್ಲಿ ನೆಲಸಮ ಮಾಡಿದರು. ಸುಮಾರು 2,700 ಕುಟುಂಬ ಒಕ್ಕಲೆದ್ದವು. ಆಮೇಲೆ ಅಲ್ಲಿ ಎದ್ದದ್ದು ಶ್ರೀಮಂತರ ಗೋಪುರಗಳು. ಕೆಡವೋದಕ್ಕೆ ಮುಂಚೆ ಹರ್ಬರ್ಟ್ ಗ್ಯಾನ್ಸ್ ಅನ್ನೋ ಸಮಾಜಶಾಸ್ತ್ರಜ್ಞ ಅಲ್ಲೇ ಹೋಗಿ ವಾಸ ಮಾಡಿ ನೋಡಿದ. ತಜ್ಞರ ಕಣ್ಣಿಗೆ ಬರೀ ಹಳೇ ಕಟ್ಟಡ ಕಂಡ ಕಡೆ ಅವನಿಗೆ ಕಂಡದ್ದು ಒಬ್ಬರಿಗೊಬ್ಬರು ಆಗಿಬರುವ ಒಂದು ಹಳ್ಳಿ.

ಅಪ್ಪ: ಅಂದರೆ, ಒಟ್ಟಾರೆ ನೋಡೋನ ಕಣ್ಣಿಗೆ ಬಿಡಿಬಿಡಿಯಾದದ್ದು ಬೀಳಲಿಲ್ಲ. ಒಪ್ಪಿದೆ. ಹಾಗಂತ ಬಿಡಿಯಾಗಿ ನೋಡೋನಿಗೆ ಒಟ್ಟಾರೆ ಕಾಣುತ್ತೆ ಅಂತ ಆಗಲಿಲ್ಲವಲ್ಲ?

ಮಗಳು: ಕೆಲವು ಸಲ ಕಂಡದ್ದುಂಟು. ಬಾಸ್ಟನ್ನಿನದೇ ಒಂದು ಭಾಗ ರಾಕ್ಸ್‌ಬರಿ, ಅಲ್ಲಿನ ಡಡ್ಲಿ ಬೀದಿಯ ಕಥೆ ಹೇಳ್ತೀನಿ. 1980ರ ಹೊತ್ತಿಗೆ ಆ ಭಾಗದ ಮೂರನೇ ಒಂದು ಪಾಲು ನೆಲ ಖಾಲಿ ಬಿದ್ದಿತ್ತು, ಸುಮಾರು 1,300 ತುಂಡು. ಬ್ಯಾಂಕುಗಳು ಸಾಲ ಕೊಡ್ತಿರಲಿಲ್ಲ. ಎಷ್ಟೋ ಮಾಲೀಕರು ವಿಮೆಯ ದುಡ್ಡಿಗಾಗಿ ತಮ್ಮ ಕಟ್ಟಡಗಳಿಗೆ ತಾವೇ ಬೆಂಕಿ ಹಚ್ಚಿದ್ದರು. ಖಾಲಿ ಸೈಟುಗಳಿಗೆ ರಾತ್ರೋರಾತ್ರಿ ಲಾರಿಗಳು ಬಂದು ಊರಿನ ಕಸವನ್ನೆಲ್ಲ ಸುರಿದು ಹೋಗೋವು. 1985ರಲ್ಲಿ ಒಂದು ದತ್ತಿಸಂಸ್ಥೆ, ಕೆಲವು ಸೇವಾಸಂಸ್ಥೆಗಳು ಸೇರಿ ಒಂದು ಮಂಡಳಿಯ ಯೋಜನೆ ಹಾಕಿ ಜನರ ಸಭೆ ಕರೆದರು. ಮಂಡಳಿಯಲ್ಲಿ ನಿವಾಸಿಗಳಿಗೆ ನಾಲ್ಕಾರು ಕುರ್ಚಿ ಅಷ್ಟೆ. ಸಭೆಯಲ್ಲಿ ಜನ ಎದ್ದು ನಿಂತು, ನಮ್ಮ ಪರವಾಗಿ ತೀರ್ಮಾನ ಮಾಡೋಕೆ ನೀವ್ಯಾರು ಅಂತ ಕೇಳಿದರು. ಕರೆದವರು ಸಿಟ್ಟಾಗಲಿಲ್ಲ, ಮಂಡಳಿಯನ್ನೇ ಬದಲಾಯಿಸಿದರು. ಬಹುಮತ ನಿವಾಸಿಗಳದ್ದು. ಆಫ್ರಿಕನ್ ಅಮೆರಿಕನ್ನರು, ಲ್ಯಾಟಿನೋ ಜನ, ಕೇಪ್ ವರ್ಡಿಯವರು, ಬಿಳಿಯರು, ನಾಲ್ಕು ಗುಂಪಿಗೂ ಸಮಸಮ ಸ್ಥಾನ, ತಲೆ ಎಣಿಕೆ ಎಷ್ಟೇ ಇರಲಿ.

ಅಪ್ಪ: ಮಂಡಳಿ ಆಯ್ತು. ನೆಲ?

ಮಗಳು: ಮೊದಲು ಕಸ ಸುರಿಯೋದನ್ನ ನಿಲ್ಲಿಸೋ ಚಳವಳಿ ಮಾಡಿದರು. ಆಮೇಲೆ ತಾವೇ ಯೋಜನೆ ಬರೆಸಿದರು. ನಗರಪಾಲಿಕೆ ಯೋಜನೆ ಮಾಡಿ ಜನರ ಅಭಿಪ್ರಾಯ ಕೇಳೋದು ವಾಡಿಕೆ. ಅಲ್ಲಿ ಜನ ಯೋಜನೆ ಮಾಡಿ ನಗರಪಾಲಿಕೆಯ ಅಭಿಪ್ರಾಯ ಕೇಳಿದರು. 1988ರಲ್ಲಿ ಅವರಿಗೆ ಭೂಸ್ವಾಧೀನದ ಅಧಿಕಾರವೇ ಸಿಕ್ಕಿತು. ಒಂದು ಬಡಾವಣೆಯ ಜನರ ಸಂಘಕ್ಕೆ, ಅಪ್ಪ! ಆದರೆ ಖಾಲಿ ನೆಲಕ್ಕೆ ಮಾತ್ರ. ಜನ ವಾಸ ಇರೋ ಒಂದು ಮನೆಯನ್ನೂ ಮುಟ್ಟೋ ಹಾಗಿಲ್ಲ.

ಅಳಿಯ: ನೋಡಿದೆಯಾ, ನನ್ನ ಮಾತನ್ನೇ ಸಾಬೀತು ಮಾಡಿದೆ. ಊರವರ ಮಾತು ನಡೆದದ್ದಕ್ಕೆ ಡಡ್ಲಿ ಉಳೀತು. ಅದೇ ಮಾತನ್ನ ನಮ್ಮೂರಿನವರು ಆಡಿದರೆ ಸ್ವಾರ್ಥ ಹೇಗಾಗುತ್ತೆ?

ಮಗಳು: ಅವರು ನಮ್ಮನ್ನ ಹೊರಗೆ ಹಾಕಬೇಡಿ ಅಂದರು. ನಾವು ಬೇರೆಯವರನ್ನ ಒಳಗೆ ಬಿಡಬೇಡಿ ಅಂತೀವಿ.

ಅಳಿಯ: ಮಾತಿಗೆ ಚೆನ್ನಾಗಿದೆ, ಆದರೆ ನಿಲ್ಲೋದಿಲ್ಲ. ನಾಳೆ ಡಡ್ಲಿಯಲ್ಲಿ ಒಬ್ಬ ಬಿಲ್ಡರ್ ಬಂದು ದುಬಾರಿ ಫ್ಲಾಟು ಕಟ್ತೀನಿ ಅಂದರೆ ಅವರೂ ಬೇಡ ಅಂತಾರೆ, ಒಳಗೆ ಬಿಡೋದಿಲ್ಲ. ಆಗ ನೀನು ಚಪ್ಪಾಳೆ ತಟ್ತೀಯ.

ಅಪ್ಪ: ಅಳಿಯಂದಿರ ಮಾತಲ್ಲಿ ತೂಕ ಇದೆ ಕಣಮ್ಮಾ. ಬಡವ ಹೇಳಿದ್ದೆಲ್ಲ ನ್ಯಾಯ, ಉಳ್ಳವನು ಹೇಳಿದ್ದೆಲ್ಲ ಅನ್ಯಾಯ ಅಂದರೆ ಅದು ತರ್ಕವಲ್ಲ, ಪಕ್ಷಪಾತ.

ಮಗಳು: ಸರಿ, ಹೀಗೆ ಕೇಳ್ತೀನಿ. ತೀರ್ಮಾನ ತಪ್ಪಿದರೆ ಅದರ ಏಟು ಯಾರಿಗೆ? ಫ್ಲಾಟು ಎದ್ದು ಬಾಡಿಗೆ ಏರಿದರೆ ಡಡ್ಲಿಯವನು ಊರು ಬಿಡಬೇಕು. ನಮ್ಮ ಸ್ಟೇಷನ್ ಪಕ್ಕ ಅಪಾರ್ಟ್‌ಮೆಂಟ್ ಎದ್ದರೆ ನಮಗೆ ಬೆಳಿಗ್ಗೆ ಪಾರ್ಕಿಂಗ್ ಹುಡುಕೋ ತಾಪತ್ರಯ. ಏಟು ಯಾರಿಗೆ ಜಾಸ್ತಿಯೋ ಅವರ ಮಾತಿಗೆ ಬೆಲೆ ಜಾಸ್ತಿ ಇರಬೇಕು.

ಅಪ್ಪ: ಹಾಗೆ ಹೇಳಿದರೆ ಲೆಕ್ಕ ಊರಿನ ಗಡಿಯಲ್ಲಿ ನಿಲ್ಲೋದಿಲ್ಲ. ನಿಮ್ಮೂರಿನ ಆಸ್ಪತ್ರೆಯಲ್ಲಿ ರಾತ್ರಿಪಾಳಿ ಮಾಡೋ ನರ್ಸು ಇಲ್ಲಿ ಮನೆ ಸಿಗದೆ ಎಲ್ಲಿಂದಲೋ ಒಂದು ಗಂಟೆ ಕಾರು ಓಡಿಸಿಕೊಂಡು ಬರ್ತಾಳೆ. ಏಟು ಅವಳಿಗೂ ಇದೆ, ಮತ ಮಾತ್ರ ಇಲ್ಲ.

ಮಗಳು: ಅದಕ್ಕೇ ಆ 2021ರ ಕಾನೂನು. ಊರಿನ ಸಭೆಯಲ್ಲಿ ಅವಳಿಗೆ ಮತ ಇಲ್ಲ, ರಾಜ್ಯದ ಚುನಾವಣೆಯಲ್ಲಿ ಇದೆ. ಬಾರದವರ ಪರವಾಗಿ ರಾಜ್ಯ ಮಾತಾಡ್ತು.

ಅಳಿಯ: ಬಾರದವರ ಪರವಾಗಿ! ವೆಸ್ಟ್ ಎಂಡ್ ಕೆಡವಿದ್ದೂ ಬಾರದವರ ಹೆಸರಲ್ಲೇ. ನಾಳಿನ ಬಾಸ್ಟನ್, ಮುಂದಿನ ಪೀಳಿಗೆ, ಅಂತೆಲ್ಲ. ಹೆದ್ದಾರಿಗಳೂ ಅಷ್ಟೆ. ರಾಕ್ಸ್‌ಬರಿಯ ನಡುವೆ ಐ-95 ತರ್ತೀವಿ ಅಂತ ಸಾಲು ಸಾಲು ಮನೆ ಕೆಡವಿದರಲ್ಲ, ಅದು ಉಪನಗರದಿಂದ ಕಾರಿನಲ್ಲಿ ಬರೋರ ಹೆಸರಲ್ಲಿ. ಅಲ್ಲಿದ್ದವರು ಜಗಳಕ್ಕೆ ನಿಂತದ್ದಕ್ಕೆ ಗವರ್ನರ್ ಸಾರ್ಜೆಂಟ್ 1970ರಲ್ಲಿ ತಡೆ ಹಾಕಿ, 1972ರಲ್ಲಿ ಯೋಜನೆಯನ್ನೇ ಕೈಬಿಟ್ಟ. ಕೆಡವಿದ ಜಾಗದಲ್ಲಿ 1987ರಲ್ಲಿ ರೈಲು ಬಂತು, ಉದ್ದಕ್ಕೂ ಉದ್ಯಾನ ಬಂತು. ಎದುರಿಗಿಲ್ಲದವರ ಹೆಸರಲ್ಲಿ ಯಾರು ಏನು ಬೇಕಾದರೂ ಹೇಳಬಹುದು. ಅವರು ಬಂದು ಇಲ್ಲ ಅನ್ನೋದಿಲ್ಲವಲ್ಲ.

ಅಪ್ಪ: ಈಗ ಗಂಟು ಬಿತ್ತು. ಇದ್ದವರ ಮಾತನ್ನೇ ಕೇಳಿದರೆ ಬಾರದವರಿಗೆ ಬಾಗಿಲು ಮುಚ್ಚುತ್ತೆ. ಬಾರದವರ ಹೆಸರಲ್ಲಿ ಮಾತಾಡಿದರೆ ಇದ್ದವರ ಮನೆ ಬೀಳುತ್ತೆ.

ಮಗಳು: ಡಡ್ಲಿಯಲ್ಲಿ ಆ ಗಂಟನ್ನ ಒಂದು ಕಾಗದದ ಮೇಲೆ ಬಿಚ್ಚೋ ಪ್ರಯತ್ನ ಮಾಡಿದ್ದಾರೆ. ಸ್ವಾಧೀನ ಮಾಡಿಕೊಂಡ ನೆಲವನ್ನ ಅವರು ಮಾರಲಿಲ್ಲ, ಭೂ ಟ್ರಸ್ಟಿನ ಹೆಸರಿಗೆ ಮಾಡಿದರು. ಮನೆ ಕೊಳ್ಳೋರಿಗೆ ಗೋಡೆ, ಮಾಡು ಸ್ವಂತ. ಕೆಳಗಿನ ನೆಲ 99 ವರ್ಷದ ಗುತ್ತಿಗೆ. ಗುತ್ತಿಗೆ ಪತ್ರದಲ್ಲಿ ಒಂದು ಷರತ್ತು ಇರುತ್ತೆ: ನೀನು ಮಾರುವಾಗ ಮಾರುಕಟ್ಟೆ ದರಕ್ಕೆ ಮಾರೋ ಹಾಗಿಲ್ಲ. ಹಾಕಿದ ದುಡ್ಡು, ಅದರ ಮೇಲೆ ಒಂದು ಮಿತಿಯ ಲಾಭ, ಅಷ್ಟೆ. ಸಹಿ ಹಾಕೋರು ಇಬ್ಬರು, ಕೊಳ್ಳೋ ಸಂಸಾರ ಮತ್ತು ಟ್ರಸ್ಟು. ಆದರೆ ಷರತ್ತು ಇರೋದು ಇನ್ನೂ ಯಾರು ಅಂತ ಗೊತ್ತಿಲ್ಲದ ಮೂರನೆಯವರಿಗಾಗಿ, ಮುಂದೆ ಆ ಮನೆ ಕೊಳ್ಳಬೇಕಾದ ಸಂಸಾರಕ್ಕಾಗಿ.

ಅಪ್ಪ: ನೆಲ ಎಲ್ಲರದ್ದು, ಉಳುಮೆ ಅವರವರದ್ದು. ಇದು ವಿನೋಬಾ ಹೇಳಿದ್ದಲ್ಲವೆ?

ಮಗಳು: ಅಲ್ಲಿಂದಲೇ ಬಂದದ್ದು. ಈ ತರಹದ ಮೊದಲ ಟ್ರಸ್ಟು ಹುಟ್ಟಿದ್ದು 1969ರಲ್ಲಿ, ಜಾರ್ಜಿಯಾದ ಆಲ್ಬನಿ ಹತ್ತಿರ. ನ್ಯೂ ಕಮ್ಯುನಿಟೀಸ್ ಅಂತ. ಕಪ್ಪು ರೈತರು ಓಟಿನ ಹಕ್ಕಿಗೆ ಹೋರಾಡಿದ ತಪ್ಪಿಗೆ ಬಿಳಿ ಜಮೀನ್ದಾರರು ಅವರನ್ನ ಒಕ್ಕಲೆಬ್ಬಿಸ್ತಿದ್ದರು. ಚಾರ್ಲ್ಸ್ ಶೆರಾಡ್, ಸ್ಲೇಟರ್ ಕಿಂಗ್, ರಾಬರ್ಟ್ ಸ್ವಾನ್ ಇವರೆಲ್ಲ ಸೇರಿ ಐದು ಸಾವಿರಕ್ಕೂ ಹೆಚ್ಚು ಎಕರೆ ಕೊಂಡರು. ಅವರ ಮುಂದಿದ್ದ ಮಾದರಿಗಳಲ್ಲಿ, ಊರಿನ ನೆಲವನ್ನ ಊರಿಗೇ ಒಪ್ಪಿಸೋ ವಿನೋಬಾರ ಗ್ರಾಮದಾನವೂ ಒಂದು.

ಅಪ್ಪ: 1957ರಲ್ಲಿ ಮೈಸೂರಿನ ಪಕ್ಕದ ಇಲವಾಲದಲ್ಲೇ ಗ್ರಾಮದಾನದ ಸಮ್ಮೇಳನ ನಡೀತು. ನೆಹರೂ ಬಂದಿದ್ದರು, ಕಾಂಗ್ರೆಸ್ಸಿನವರು, ಕಮ್ಯುನಿಸ್ಟರು, ಎಲ್ಲರೂ ಕೂತು ಒಳ್ಳೇದು ಅಂದರು. ಆಮೇಲೆ ಬಹಳಷ್ಟು ದಾನ ಕಾಗದದಲ್ಲೇ ಉಳೀತು. ಜಾರ್ಜಿಯಾದ್ದು ಏನಾಯ್ತು?

ಮಗಳು: ಬರಗಾಲ ಬಂತು. ಸರ್ಕಾರದ ಕೃಷಿ ಸಾಲ ಬಿಳಿಯರಿಗೆ ಸಿಕ್ಕಷ್ಟು ಸಲೀಸಾಗಿ ಇವರಿಗೆ ಸಿಗಲಿಲ್ಲ. 1985ರಲ್ಲಿ ನೆಲ ಹರಾಜಾಯ್ತು. 2009ರಲ್ಲಿ ತಾರತಮ್ಯ ಆದದ್ದು ನಿಜ ಅಂತ ತೀರ್ಮಾನವಾಗಿ ಸುಮಾರು 1.2 ಕೋಟಿ ಡಾಲರ್ ಪರಿಹಾರ ಬಂತು. ಆದರೆ ಗುತ್ತಿಗೆಯ ಆ ಉಪಾಯ ಅಷ್ಟರಲ್ಲಿ ಬಾಸ್ಟನ್ನಿಗೂ ವರ್ಮಾಂಟಿನ ಬರ್ಲಿಂಗ್ಟನ್ನಿಗೂ ಬಂದು ಬೇರು ಬಿಟ್ಟಿತ್ತು.

ಅಪ್ಪ: ಹಾಗಾದರೆ ನನಗೆ ಒಂದು ಒರೆಗಲ್ಲು ಸಿಕ್ತು. ವೆಸ್ಟ್ ಎಂಡ್ ಕೆಡವಿದವರೂ ಮುಂದಿನವರ ಹೆಸರು ಹೇಳಿದರು, ಡಡ್ಲಿಯವರೂ ಹೇಳಿದರು. ಅವರು ಹೇಳಿದ್ದು ಪರರ ಮನೆ ಕೆಡವಿ. ಇವರು ಹೇಳಿದ್ದು ತಮ್ಮ ಲಾಭ ಬಿಟ್ಟು. ಎದುರಿಗಿಲ್ಲದವನ ಪರ ಮಾತಾಡೋನು ಮೊದಲು ತಾನೇನು ಬಿಟ್ಟುಕೊಡ್ತಾನೆ ಅಂತ ಹೇಳಲಿ. ಅದನ್ನ ಹೇಳಲಾರದವನ ಮಾತನ್ನ, ಅವನು ತಜ್ಞನಾಗಲಿ, ಮಂತ್ರಿಯಾಗಲಿ, ನಾನಾಗಲಿ, ಅನುಮಾನದಿಂದಲೇ ಕೇಳಬೇಕು.

ಅಳಿಯ: ಒರೆಗಲ್ಲು ಒಪ್ಪಿದೆ ಮಾವ, ಆದರೆ ಉಜ್ಜಿ ನೋಡಿದರೆ ಇನ್ನೊಂದು ಅನ್ಯಾಯ ಕಾಣುತ್ತೆ. ಈ ದೇಶದಲ್ಲಿ ಸಾಮಾನ್ಯ ಸಂಸಾರ ಆಸ್ತಿ ಅಂತ ಮಾಡಿಕೊಳ್ಳೋದೇ ಮನೆಯಿಂದ. ತಲೆಮಾರುಗಳ ಕಾಲ ಸಾಲವನ್ನೇ ಕೊಡದೆ ವಂಚಿಸಿದ ಜನಕ್ಕೆ ಕೊನೆಗೂ ಒಂದು ಮನೆ ಸಿಕ್ತು ಅನ್ನುವಾಗ, ನೀನು ಲಾಭ ಬಿಡು, ಮುಂದಿನವರಿಗೆ ತ್ಯಾಗ ಮಾಡು ಅಂತೀರಿ. ನನ್ನ ಮನೆ ಬೆಲೆ ಕೊಂಡದ್ದಕ್ಕಿಂತ ಎಷ್ಟೋ ಏರಿದೆ. ನನ್ನನ್ನ ಯಾರೂ ಬಿಡು ಅಂದಿಲ್ಲ.

ಮಗಳು: ನನಗೂ ಕಚೇರಿಯಲ್ಲಿ ಕಾಡೋದು ಅದೇ ಪ್ರಶ್ನೆ. ಟ್ರಸ್ಟಿನವರು ಹೇಳೋ ಸಮಾಧಾನ, ಆ ಸಂಸಾರಕ್ಕೆ ಮನೆ ಸಿಕ್ಕಿದ್ದೇ ಹಿಂದಿನವರು ಲಾಭ ಬಿಟ್ಟದ್ದರಿಂದ ಅಂತ. 2008ರ ಸಾಲದ ಬಿಕ್ಕಟ್ಟಿನಲ್ಲಿ ಸುತ್ತಲಿನ ಮನೆಗಳನ್ನ ಬ್ಯಾಂಕು ಜಪ್ತಿ ಮಾಡ್ತಿದ್ದಾಗ ಟ್ರಸ್ಟಿನ ಮನೆಗಳು ಬಹುಮಟ್ಟಿಗೆ ಉಳಿದವು ಅನ್ನೋದೂ ನಿಜ. ಆದರೂ ನೀನು ಹೇಳಿದ್ದಕ್ಕೆ ಅದು ಪೂರ್ತಿ ಉತ್ತರ ಅಲ್ಲ.

ಅಪ್ಪ: ಉತ್ತರ ಅವರ ಹತ್ತಿರ ಯಾಕೆ ಹುಡುಕ್ತೀರಿ? ಇಲ್ಲದವನೇ ಬಿಟ್ಟುಕೊಡಬೇಕು ಅನ್ನೋ ಏರ್ಪಾಡು ಆದದ್ದು ಇದ್ದವನು ಬಿಡದೇ ಇದ್ದದ್ದರಿಂದ. ಅಕ್ಕಪಕ್ಕದ ಊರುಗಳು ಮನೆ ಕಟ್ಟೋಕೆ ಬಿಟ್ಟಿದ್ದರೆ ಡಡ್ಲಿಯವರು ಒಂದೊಂದು ಮನೆಯನ್ನೂ ಇಷ್ಟು ಕಾವಲು ಹಾಕಿ ಕಾಯಬೇಕಾಗ್ತಿತ್ತೆ?

ಅಳಿಯ: ಅಪಾರ್ಟ್‌ಮೆಂಟ್ ಬಂದರೆ ನನ್ನ ಮನೆ ಬೆಲೆ ಬಿದ್ದೇ ಬೀಳುತ್ತೆ ಅಂತಲೂ ಇಲ್ಲ ಅನ್ನಿ. ಭಯ ಇರೋದು ನಿಜ. ಶಾಲೆಯಲ್ಲಿ ಜಾಗ, ರಸ್ತೆಯಲ್ಲಿ ಕಾರು, ಇವು ಸುಳ್ಳಲ್ಲ.

ಮಗಳು: ಸುಳ್ಳು ಅಂತ ನಾನೂ ಹೇಳೋದಿಲ್ಲ. ಶಾಲೆಗೆ ರಾಜ್ಯ ದುಡ್ಡು ಕೊಡಲಿ ಅಂತ ಕೇಳು, ಜೊತೆಗೆ ನಾನೂ ಬರ್ತೀನಿ. ಆದರೆ ಸ್ಥಳೀಯ ಪ್ರಜಾಪ್ರಭುತ್ವ ಅಪಾಯದಲ್ಲಿದೆ ಅಂತ ಹೇಳಿ ಆ ದೊಡ್ಡ ಮಾತಿನ ಹಿಂದೆ ಪಾರ್ಕಿಂಗ್ ಜಾಗ ಬಚ್ಚಿಡಬೇಡ.

ಅಳಿಯ: ನನ್ನ ಮತ ಇನ್ನೂ ಬದಲಾಗಿಲ್ಲ. ಆದರೆ ಡಡ್ಲಿಯವರ ಉದಾಹರಣೆ ಕೊಟ್ಟು ಮಾತಾಡೋ ಹಕ್ಕು ನನಗಿಲ್ಲ ಅನ್ನೋದು ಗೊತ್ತಾಯ್ತು. ಅವರು ಬಿಟ್ಟಿದ್ದಾರೆ, ನಾನು ಬಿಟ್ಟಿಲ್ಲ.

ಅಪ್ಪ: ಎಷ್ಟು ಬಿಡೋಕೆ ತಯಾರು ಅಂತ ಲೆಕ್ಕ ಹಾಕಿ ಹೇಳಿ. ಅಲ್ಲಿಂದ ಮುಂದೆ ಚೌಕಾಸಿ ಮಾಡಬಹುದು. ಏನೂ ಬಿಡೋದಿಲ್ಲ ಅನ್ನೋನ ಜೊತೆ ಯಾವ ನಕ್ಷೆಯೂ ಆಗೋದಿಲ್ಲ.